ಕಣ್ಣಿನ ಕುಳಿಯಿಂದ ಕಿವಿಯ ತೂತಿಗೆ ಒಂದು ಗೆರೆ

ಎಡಗಣ್ಣಿನ ಕೆಳಗೆ ಬೆರಳಿಟ್ಟು ಮೆಲ್ಲಗೆ ಒತ್ತಿ ನೋಡಿ. ಕೆನ್ನೆಯ ಮೆತ್ತನೆಯ ಭಾಗ ಮುಗಿಯುವಲ್ಲಿ ಒಂದು ಗಟ್ಟಿ ಅಂಚು ಸಿಗುತ್ತದೆ. ಅದು ಕಣ್ಣಿನ ಕುಳಿಯ ಕೆಳದಂಡೆ. ಇನ್ನೊಂದು ಬೆರಳನ್ನು ಕಿವಿಯ ತೂತಿನ ಮುಂದೆ ಚಾಚಿಕೊಂಡಿರುವ ಪುಟ್ಟ ಮೃದ್ವಸ್ಥಿಯ ಮೇಲಿಟ್ಟು ಸ್ವಲ್ಪ ಮೇಲಕ್ಕೆ ಸರಿಸಿದರೆ ಅಲ್ಲೊಂದು ಸಣ್ಣ ತಗ್ಗು ತಾಗುತ್ತದೆ. ಈಗ ಎರಡು ಬೆರಳ ತುದಿಗಳನ್ನು ಸೇರಿಸುವ ಗೆರೆ ನೆಲಕ್ಕೆ ಸಮಾನಾಂತರವಾಗುವವರೆಗೆ ಗದ್ದವನ್ನು ಏರಿಸಿ, ಇಳಿಸಿ ಸರಿಮಾಡಿಕೊಳ್ಳಿ. ಹಾಗೆ ನಿಂತ ತಲೆಯ ಭಂಗಿಯನ್ನು ವೈದ್ಯಕೀಯ ಕಾಲೇಜುಗಳಲ್ಲಿ ಒಂದು ಹೆಸರಿನಿಂದ ಕರೆಯುತ್ತಾರೆ: ಫ್ರಾಂಕ್‌ಫರ್ಟ್ ಸಮತಲ.

ಬದುಕಿರುವವರ ಮುಖದಲ್ಲಿ ಬೆರಳಿಗೆ ಸಿಗುವುದು ಅದರ ಹತ್ತಿರದ ಗುರುತು ಮಾತ್ರ. ಅಸಲು ವ್ಯಾಖ್ಯೆ ಇರುವುದು ಎಲುಬಿನ ಮೇಲೆ. ಕಣ್ಣಿನ ಕುಳಿಯ ಕೆಳದಂಡೆಯ ಅತ್ಯಂತ ತಗ್ಗಿನ ಬಿಂದು ಒಂದು, ಅದಕ್ಕೆ ಆರ್ಬಿಟಾಲೆ ಎನ್ನುತ್ತಾರೆ. ಕಿವಿಯ ತೂತಿನ ಮೇಲಂಚಿನ ಬಿಂದು ಇನ್ನೊಂದು, ಅದು ಪೋರಿಯಾನ್. ಈ ಎರಡೂ ಒಂದೇ ಮಟ್ಟದಲ್ಲಿದ್ದರೆ ತಲೆಬುರುಡೆ ತನ್ನ 'ಅನಾಟಮಿಕಲ್ ಪೊಸಿಷನ್'ನಲ್ಲಿದೆ ಎಂದರ್ಥ. ಎಂಬಿಬಿಎಸ್ ಮೊದಲ ವರ್ಷದ ವೈವಾದಲ್ಲಿ ಪರೀಕ್ಷಕರು ಬುರುಡೆಯೊಂದನ್ನು ಕೈಗಿತ್ತು ಮೊದಲು ಕೇಳುವುದು ಇದನ್ನೇ: ಸರಿಯಾದ ಭಂಗಿಯಲ್ಲಿ ಹಿಡಿದು ತೋರಿಸಿ. ಹಿಡಿಯಲು ಬಾರದವರು ಮುಂದೆ ಎಷ್ಟು ರಂಧ್ರಗಳ ಹೆಸರು ಹೇಳಿದರೂ ಯಾವುದು ಮೇಲೆ, ಯಾವುದು ಕೆಳಗೆ, ಯಾವುದು ಮುಂದೆ ಎಂಬುದಕ್ಕೆ ಆಧಾರವೇ ಇರುವುದಿಲ್ಲ.

ಇಡೀ ದೇಹಕ್ಕೆ ಈ ತೊಡಕಿಲ್ಲ. ನೆಟ್ಟಗೆ ನಿಂತು, ಮುಖ ಮುಂದಕ್ಕೆ ಮಾಡಿ, ಅಂಗೈಗಳನ್ನು ಮುಂದಕ್ಕೆ ತಿರುಗಿಸಿಕೊಂಡರೆ ಅದೇ ಅಂಗರಚನಾಶಾಸ್ತ್ರದ ಮೂಲ ಭಂಗಿ. ಆದರೆ ಕುತ್ತಿಗೆಯಿಂದ ಬೇರೆಯಾದ ಬುರುಡೆಗೆ ಮೇಲು–ಕೆಳಗೆಂಬುದಿಲ್ಲ. ಮೇಜಿನ ಮೇಲಿಟ್ಟರೆ ಹಲ್ಲುಗಳ ಉದ್ದ, ಹಿಂದಲೆಯ ಉಬ್ಬು, ಕೆಳದವಡೆ ಇದೆಯೋ ಇಲ್ಲವೋ ಎಂಬುದರ ಮೇಲೆ ಒಂದೊಂದು ಬುರುಡೆ ಒಂದೊಂದು ರೀತಿ ವಾಲುತ್ತದೆ. ಹಾಗೆ ವಾಲಿದ ಎರಡು ಬುರುಡೆಗಳನ್ನು ಅಕ್ಕಪಕ್ಕ ಇಟ್ಟು 'ಇದರ ಹಣೆ ಹಿಂದಕ್ಕೆ ಜಾರಿದೆ, ಅದರ ದವಡೆ ಮುಂದೆ ಬಂದಿದೆ' ಎಂದು ಹೇಳುವುದು ಗಡಿಕಲ್ಲು ನೆಡದೆ ಜಮೀನು ಅಳೆದ ಹಾಗೆ. ಬುರುಡೆಯನ್ನು ತುಸು ಹಿಂದಕ್ಕೆ ವಾಲಿಸಿದರೂ ಸಾಕು, ದವಡೆ ಮುಂದೆ ಬಂದಂತೆಯೂ ಹಣೆ ಹಿಂದೆ ಸರಿದಂತೆಯೂ ಕಾಣುತ್ತದೆ. ಮುಂದಕ್ಕೆ ಬಾಗಿಸಿದರೆ ಅದೇ ಬುರುಡೆಯ ಮುಖ ನೆಟ್ಟಗಾಗುತ್ತದೆ.

ಇದು ಬರೀ ಶಾಸ್ತ್ರೀಯ ಕುತೂಹಲದ ಸಂಗತಿಯಾಗಿರಲಿಲ್ಲ. ಹದಿನೆಂಟನೇ ಶತಮಾನದಲ್ಲಿ ಹಾಲೆಂಡಿನ ಪೆಟ್ರಸ್ ಕ್ಯಾಂಪರ್ ಕಿವಿಯ ತೂತಿನಿಂದ ಮೂಗಿನ ಬುಡಕ್ಕೆ ಒಂದು ಗೆರೆ, ಹಣೆಯಿಂದ ತುಟಿಯ ಕಡೆಗೆ ಇನ್ನೊಂದು ಗೆರೆ ಎಳೆದು, ಎರಡರ ನಡುವಿನ ಕೋನವನ್ನು 'ಮುಖದ ಕೋನ' ಎಂದು ಕರೆದ. ಅವನ ಚಿತ್ರಗಳಲ್ಲಿ ಕೋತಿಯಿಂದ ಹಿಡಿದು ಗ್ರೀಕ್ ಶಿಲ್ಪದವರೆಗೆ ಮುಖಗಳು ಸಾಲಾಗಿ ನಿಂತವು. ಅವನ ನಂತರ ಬಂದವರು ಆ ಸಾಲನ್ನು ಮನುಷ್ಯರಲ್ಲಿ ಮೇಲು–ಕೀಳು ತೋರಿಸುವ ಏಣಿಯಾಗಿ ಮಾಡಿಕೊಂಡರು. ಅಡ್ಡಗೆರೆ ಯಾವುದೆಂದು ತೀರ್ಮಾನಿಸುವವನ ಕೈಯಲ್ಲಿ ಕೋನವೂ ಇತ್ತು, ಕೋನದ ಹೆಸರಿನಲ್ಲಿ ಇಡೀ ಜನಾಂಗವೊಂದರ ಮಾನವೂ ಇತ್ತು.

ಹತ್ತೊಂಬತ್ತನೇ ಶತಮಾನದ ನಡುವಿನ ಹೊತ್ತಿಗೆ ಯುರೋಪಿನಲ್ಲಿ ಬುರುಡೆ ಅಳೆಯುವವರು ಎಷ್ಟು ಮಂದಿಯೋ ಅಷ್ಟು ಅಡ್ಡಗೆರೆಗಳಿದ್ದವು. ಪ್ಯಾರಿಸಿನಲ್ಲಿ 1859ರಲ್ಲಿ ಮಾನವಶಾಸ್ತ್ರ ಸಂಘ ಕಟ್ಟಿದ ಪಾಲ್ ಬ್ರೋಕಾ ಮೇಲ್ದವಡೆಯ ಹಲ್ಲಿನ ಅಂಚನ್ನೂ, ಬುರುಡೆ ಬೆನ್ನುಮೂಳೆಯ ಮೇಲೆ ಕೂರುವ ಗುಂಡನೆಯ ಉಬ್ಬುಗಳನ್ನೂ ಸೇರಿಸುವ ಸಮತಲವನ್ನು ನೆಚ್ಚಿಕೊಂಡಿದ್ದ. ಜರ್ಮನ್ನರು ಅದನ್ನು ಒಪ್ಪಲಿಲ್ಲ. 1872ರಲ್ಲಿ ಹರ್ಮನ್ ಫಾನ್ ಈರಿಂಗ್ ಎಂಬ ಯುವ ವಿಜ್ಞಾನಿ ಕಣ್ಣಿನ ಕುಳಿಯ ಕೆಳದಂಡೆಯಿಂದ ಕಿವಿಯ ತೂತಿನ ನಡುವಿಗೆ ಗೆರೆ ಎಳೆಯೋಣ ಎಂದು ಸೂಚಿಸಿದ. ನಡು ಎಂಬುದನ್ನು ಗುರುತಿಸುವುದು ಕಷ್ಟ, ಅಂಚು ಕೈಗೆ ಸಿಗುತ್ತದೆ. ಹಾಗಾಗಿ ತೂತಿನ ನಡುವಿನ ಬದಲು ಮೇಲಂಚು ಬಂತು. ಮ್ಯೂನಿಕ್‌ನಲ್ಲಿ, ಬರ್ಲಿನ್ನಿನಲ್ಲಿ ಚರ್ಚೆ ನಡೆದು, 1882ರಲ್ಲಿ ಫ್ರಾಂಕ್‌ಫರ್ಟ್‌ನಲ್ಲಿ ಸೇರಿದ ಜರ್ಮನ್ ಮಾನವಶಾಸ್ತ್ರ ಸಂಘದ ಸಭೆಯಲ್ಲಿ ಒಪ್ಪಂದಕ್ಕೆ ಬಂದರು. ಕೋಲ್‌ಮನ್, ರಾಂಕೆ, ವಿರ್ಕೋ ಎಂಬ ಮೂವರು ಅದನ್ನು ಸಿದ್ಧಪಡಿಸಿದರು. 1884ರಲ್ಲಿ ಅದು ಅಚ್ಚಾಯಿತು. ಊರಿನ ಹೆಸರು ಸಮತಲಕ್ಕೆ ಅಂಟಿಕೊಂಡಿತು.

ಒಪ್ಪಂದದ ಒಳಗೊಂದು ಸೊಗಸಾದ ರೇಖಾಗಣಿತ ಇದೆ. ಎರಡು ಕಣ್ಣು, ಎರಡು ಕಿವಿ ಸೇರಿ ಬಿಂದುಗಳು ನಾಲ್ಕು. ಯಾರ ಬುರುಡೆಯೂ ಎಡಬಲ ಒಂದೇ ಅಚ್ಚಿನಲ್ಲಿ ಇರುವುದಿಲ್ಲವಾದ್ದರಿಂದ ಈ ನಾಲ್ಕೂ ಒಂದೇ ಸಮತಲದಲ್ಲಿ ಕೂರುವುದು ಅಪರೂಪ. ಸಮತಲವೊಂದನ್ನು ನಿರ್ಧರಿಸಲು ಮೂರು ಬಿಂದು ಸಾಕು ಎಂಬುದು ಹೈಸ್ಕೂಲಿನ ಪಾಠ. ಅದನ್ನೇ ಇಲ್ಲಿ ಬಳಸಿಕೊಂಡು ಎರಡೂ ಕಿವಿಗಳನ್ನು ಇಟ್ಟುಕೊಂಡು, ಕಣ್ಣುಗಳಲ್ಲಿ ಎಡಗಡೆಯದನ್ನು ಮಾತ್ರ ಲೆಕ್ಕಕ್ಕೆ ತೆಗೆದುಕೊಳ್ಳುವುದು ರೂಢಿಯಾಯಿತು. ಬಲಗಣ್ಣು ಏಕೆ ಬೇಡ ಎಂದರೆ ಪ್ರಕೃತಿಯಲ್ಲಿ ಅದಕ್ಕೆ ಕಾರಣವಿಲ್ಲ. ಎಲ್ಲರೂ ಒಂದೇ ಕಣ್ಣನ್ನು ಆರಿಸಿಕೊಂಡರೆ ಸಾಕಿತ್ತು. ನನಗೆ ಈ ಇಡೀ ವಿಷಯದಲ್ಲಿ ಅತ್ಯಂತ ಗೌರವ ಮೂಡಿಸುವ ಅಂಶ ಇದೇ. ವಿಜ್ಞಾನದ ಅಳತೆಯಲ್ಲಿ ಕಂಡುಹಿಡಿದ ಸತ್ಯದಷ್ಟೇ ದೊಡ್ಡ ಪಾಲು ಕೂತು ಮಾತಾಡಿ ಒಪ್ಪಿಕೊಂಡ ಕರಾರಿನದು.

ಆ ಕರಾರಿಗೆ ಸಹಿ ಹಾಕಿದವರಲ್ಲಿ ರುಡಾಲ್ಫ್ ವಿರ್ಕೋ ಹೆಸರನ್ನು ಬಿಡಿಸಿ ಹೇಳಬೇಕು. ರೋಗಶಾಸ್ತ್ರದ ಪಿತಾಮಹರಲ್ಲೊಬ್ಬನಾದ ಈತ ಜರ್ಮನಿಯ ಸುಮಾರು 67 ಲಕ್ಷ ಶಾಲಾಮಕ್ಕಳ ಕೂದಲು, ಕಣ್ಣು, ಚರ್ಮಗಳ ಬಣ್ಣದ ಸಮೀಕ್ಷೆ ಮಾಡಿಸಿದ. ಹೊಂಗೂದಲು, ನೀಲಿ ಕಣ್ಣು, ಬಿಳಿ ಚರ್ಮದ 'ಶುದ್ಧ' ಮಾದರಿಗೆ ಸೇರಿದ ಮಕ್ಕಳು ಮೂರರಲ್ಲೊಂದು ಪಾಲಿಗಿಂತ ಕಡಿಮೆ ಎಂದು ಅದರಿಂದ ತಿಳಿಯಿತು. ಜರ್ಮನ್ ಜನಾಂಗ ಶುದ್ಧವೆಂಬ ಮಾತಿಗೆ ಅವನ ಅಂಕಿಗಳೇ ಉತ್ತರವಾಗಿದ್ದವು. ಆದರೂ ಒಪ್ಪಂದದ ಉಪಕರಣಗಳನ್ನು ಎತ್ತಿಕೊಂಡು ಹೋದವರಲ್ಲಿ ಹೆಚ್ಚಿನವರಿಗೆ ಅವನ ಎಚ್ಚರ ಇರಲಿಲ್ಲ.

ನಮ್ಮ ಕಡೆಗೂ ತಲೆ ಅಳೆಯುವವರು ಬಂದರು. ಮದರಾಸಿನ ಸರ್ಕಾರಿ ವಸ್ತುಸಂಗ್ರಹಾಲಯದ ಮುಖ್ಯಸ್ಥನಾಗಿದ್ದ ಎಡ್ಗರ್ ಥರ್ಸ್‌ಟನ್ ದಕ್ಷಿಣ ಭಾರತವನ್ನೆಲ್ಲ ಸುತ್ತಿ, ಕೆ. ರಂಗಾಚಾರಿಯವರ ನೆರವಿನಿಂದ 1909ರಲ್ಲಿ ಏಳು ಸಂಪುಟಗಳ 'ಕ್ಯಾಸ್ಟ್ಸ್ ಅಂಡ್ ಟ್ರೈಬ್ಸ್ ಆಫ್ ಸದರ್ನ್ ಇಂಡಿಯಾ' ಪ್ರಕಟಿಸಿದ. ಅವನ ಇಕ್ಕಳಗಳನ್ನು ಕಂಡು ಜನ ಹೆದರುತ್ತಿದ್ದುದನ್ನು ಅವನೇ ಬರೆದಿದ್ದಾನೆ. ವಯನಾಡಿನ ಪಣಿಯ ಹೆಂಗಸರಂತೂ ತಮ್ಮಲ್ಲಿ ಚೆನ್ನಾಗಿರುವವರನ್ನು ಆರಿಸಿ ಹುಲ್ಲು ತುಂಬಿಸಿ ಮದರಾಸಿನ ಮ್ಯೂಸಿಯಂನಲ್ಲಿ ನಿಲ್ಲಿಸುತ್ತಾರೆಂದು ನಂಬಿದ್ದರಂತೆ. ಥರ್ಸ್‌ಟನ್ ಇದನ್ನು ತಮಾಷೆಯೆಂದು ದಾಖಲಿಸುತ್ತಾನೆ. ನನಗೆ ಅದರಲ್ಲಿ ನಗು ಬರುವುದಿಲ್ಲ. ಆ ಕಾಲದ ಯುರೋಪಿನ ಮ್ಯೂಸಿಯಂಗಳ ಬೀರುಗಳಲ್ಲಿ ವಸಾಹತುಗಳಿಂದ ತಂದ ಮನುಷ್ಯರ ಬುರುಡೆಗಳು ಸಾಲುಸಾಲಾಗಿ ಇದ್ದವು. ಪಣಿಯ ಹೆಂಗಸರ ಅಂಜಿಕೆ ಸತ್ಯಕ್ಕೆ ಬಹಳ ಹತ್ತಿರವಿತ್ತು. ಮೈಸೂರು ವಿಶ್ವವಿದ್ಯಾನಿಲಯ ಹೊರತಂದ 'ದಿ ಮೈಸೂರ್ ಟ್ರೈಬ್ಸ್ ಅಂಡ್ ಕಾಸ್ಟ್ಸ್' ಸಂಪುಟಗಳಲ್ಲಿ 1935ರ ಮೊದಲ ಸಂಪುಟಕ್ಕೆ ಭಾರತದ ಜನಾಂಗ ಚರಿತ್ರೆಯಲ್ಲಿ ಮೈಸೂರಿನ ಸ್ಥಾನದ ಬಗ್ಗೆ ಬರೆದುಕೊಟ್ಟವನು ಜರ್ಮನಿಯ ಎಗಾನ್ ಫಾನ್ ಐಕ್‌ಸ್ಟೆಟ್. ಜನರನ್ನು ಮುಖಚಹರೆಯಿಂದ ಜನಾಂಗಗಳಾಗಿ ವಿಂಗಡಿಸುವುದೇ ಅವನ ಕಸುಬು. ಅದೇ ದಶಕದಲ್ಲಿ ಅವನ ದೇಶದಲ್ಲಿ ಆ ವಿಂಗಡಣೆ ಎಲ್ಲಿಗೆ ಮುಟ್ಟಿತೆಂಬುದನ್ನು ಬಿಡಿಸಿ ಹೇಳಬೇಕಿಲ್ಲ.

ಬುರುಡೆಯ ಆಕಾರ ಜನಾಂಗದ ಸ್ಥಿರ ಮುದ್ರೆ ಎಂಬ ನಂಬಿಕೆಗೆ ದೊಡ್ಡ ಪೆಟ್ಟು ಕೊಟ್ಟವನು ಫ್ರಾಂಜ್ ಬೋವಾಸ್. ಬರ್ಲಿನ್ನಿನಲ್ಲಿ ವಿರ್ಕೋನ ಒಡನಾಟ ಕಂಡಿದ್ದ ಈತ ಅಮೆರಿಕಕ್ಕೆ ವಲಸೆ ಬಂದವರನ್ನೂ ಅವರ ಮಕ್ಕಳನ್ನೂ, ಒಟ್ಟು ಸುಮಾರು 18,000 ಮಂದಿಯನ್ನು ಅಳತೆ ಮಾಡಿದ. ಯುರೋಪಿನಲ್ಲಿ ಹುಟ್ಟಿದ ಮಕ್ಕಳಿಗೂ ಅದೇ ತಂದೆತಾಯಿಗೆ ಅಮೆರಿಕದಲ್ಲಿ ಹುಟ್ಟಿದ ಮಕ್ಕಳಿಗೂ ತಲೆಯ ಉದ್ದ–ಅಗಲದ ಪ್ರಮಾಣದಲ್ಲಿ ವ್ಯತ್ಯಾಸ ಬಂತೆಂದು 1912ರಲ್ಲಿ ಪ್ರಕಟಿಸಿದ. ಆ ವ್ಯತ್ಯಾಸ ಎಷ್ಟು ದೊಡ್ಡದು ಎಂಬ ಬಗ್ಗೆ ನಮ್ಮ ಕಾಲದಲ್ಲೂ ವಿದ್ವಾಂಸರು ಅವನ ಅಂಕಿಗಳನ್ನು ಮತ್ತೆ ತೆಗೆದು ವಾದಿಸಿದ್ದಾರೆ. ಆದರೆ ತಲೆ ಅಳೆದು ಬುದ್ಧಿ ಅಳೆಯುವ, ತಲೆ ಅಳೆದು ಜಾತಿಯ ಮೇಲು–ಕೀಳು ಹೇಳುವ ಕಸುಬು ಸುಳ್ಳೆಂಬುದರಲ್ಲಿ ವಾದ ಉಳಿದಿಲ್ಲ. ಫ್ರಾಂಕ್‌ಫರ್ಟ್ ಒಪ್ಪಂದ ಬುರುಡೆಯನ್ನು ಮನಬಂದಂತೆ ವಾಲಿಸುವ ಸ್ವಾತಂತ್ರ್ಯವನ್ನು ಕಿತ್ತುಕೊಂಡಿತು. ಅಳೆಯುವವನ ಮನಸ್ಸಿನ ವಾಲನ್ನು ಸರಿಪಡಿಸುವುದು ಅದರ ಕೈಲಾಗಲಿಲ್ಲ.

ಆ ಕಸುಬು ಹೋಯಿತು, ಸಮತಲ ಉಳಿಯಿತು. ಇವತ್ತು ಅದನ್ನು ದಿನವೂ ಬಳಸುವವರು ಹಲ್ಲಿನ ವೈದ್ಯರು. ಇಡೀ ದವಡೆಯ ಎಕ್ಸ್‌ರೇ, ಅಂದರೆ ಓಪಿಜಿ ತೆಗೆಸಿಕೊಂಡವರಿಗೆ ನೆನಪಿರಬಹುದು. ಗದ್ದವನ್ನು ಪಟ್ಟಿಯ ಮೇಲಿಟ್ಟು, ಮುಂದಿನ ಹಲ್ಲುಗಳಿಂದ ಪ್ಲಾಸ್ಟಿಕ್ ಕಡ್ಡಿಯನ್ನು ಕಚ್ಚಿ ನಿಂತಾಗ ಮುಖದ ಮೇಲೆ ಬೆಳಕಿನ ಗೆರೆಗಳು ಬೀಳುತ್ತವೆ. ಅದರಲ್ಲಿ ಅಡ್ಡಗೆರೆ ಫ್ರಾಂಕ್‌ಫರ್ಟ್ ಸಮತಲದ್ದು. ತಂತ್ರಜ್ಞರು 'ಗದ್ದ ಸ್ವಲ್ಪ ಕೆಳಗೆ, ಇನ್ನೂ ಸ್ವಲ್ಪ' ಎನ್ನುವುದು ಆ ಗೆರೆಗೆ ಕಣ್ಣು–ಕಿವಿಗಳನ್ನು ತರಲು. ಗದ್ದ ತೀರಾ ಇಳಿದಿದ್ದರೆ ಚಿತ್ರದಲ್ಲಿ ಹಲ್ಲಿನ ಸಾಲು ಅತಿಯಾಗಿ ನಕ್ಕಂತೆ ಬಾಗಿ, ಮುಂದಿನ ಹಲ್ಲುಗಳ ಬೇರು ಮಸುಕಾಗುತ್ತದೆ. ಗದ್ದ ಏರಿದ್ದರೆ ಸಾಲು ಚಪ್ಪಟೆಯಾಗಿ, ಅಂಗುಳದ ಎಲುಬಿನ ನೆರಳು ಮೇಲಿನ ಹಲ್ಲುಗಳ ಬೇರಿನ ಮೇಲೆ ಬೀಳುತ್ತದೆ. ವಕ್ರದಂತ ಚಿಕಿತ್ಸೆಗೆ ಬೇಕಾದ ಪಕ್ಕದ ತಲೆಯ ಎಕ್ಸ್‌ರೇ ಪದ್ಧತಿಯನ್ನು 1931ರಲ್ಲಿ ಅಮೆರಿಕದ ಬ್ರಾಡ್‌ಬೆಂಟ್, ಜರ್ಮನಿಯ ಹೋಫ್‌ರಾಟ್ ಬೇರೆಬೇರೆಯಾಗಿ ರೂಪಿಸಿದರು. ಕಿವಿಗಳಿಗೆ ಕಡ್ಡಿ ಸೇರಿಸಿ ತಲೆ ಅಲುಗದಂತೆ ಹಿಡಿದಿಟ್ಟು ವರ್ಷಗಟ್ಟಲೆ ಅಂತರದಲ್ಲಿ ತೆಗೆದ ಚಿತ್ರಗಳನ್ನು ಒಂದರ ಮೇಲೊಂದು ಇಟ್ಟು ಹೋಲಿಸಲು ಆಗ ಸಾಧ್ಯವಾಯಿತು. ಕೆಳದವಡೆ ಎಷ್ಟು ಇಳಿಜಾರಾಗಿದೆ ಎಂಬುದನ್ನು ಇಂದಿಗೂ ಈ ಸಮತಲದಿಂದಲೇ ಕೋನ ಎಳೆದು ನೋಡುತ್ತಾರೆ. ಹಲ್ಲುಸೆಟ್ಟು ಕೂರಿಸುವ ವೈದ್ಯರು ಮಾತ್ರ ಮೂಗಿನ ಹೊಳ್ಳೆಯಿಂದ ಕಿವಿಗೆ ಹೋಗುವ ಹಳೆಯ ಕ್ಯಾಂಪರ್ ಗೆರೆಯನ್ನು ಬಿಟ್ಟಿಲ್ಲ. ಹಲ್ಲುಗಳು ಕಚ್ಚುವ ಮಟ್ಟಕ್ಕೆ ಅದು ಹೆಚ್ಚು ಹೊಂದುತ್ತದೆ.

ಎಕ್ಸ್‌ರೇ ಕೋಣೆಯಲ್ಲಿ ಗೆರೆ ಬದಲಾದರೆ ಅಂಕಿಯೂ ಬದಲಾಗುತ್ತದೆ. ಕಣ್ಣಿನ ಹೊರಮೂಲೆಯಿಂದ ಕಿವಿಗೆ ಎಳೆದ ಗೆರೆಗೂ ಕಣ್ಣಿನ ಕುಳಿಯ ಕೆಳದಂಡೆಯಿಂದ ಎಳೆದ ಗೆರೆಗೂ 7ರಿಂದ 8 ಡಿಗ್ರಿ ಅಂತರ. ಹಿಂದಲೆಯ ಎಲುಬನ್ನು ನೋಡಲು ತೆಗೆಯುವ ಟೌನ್ಸ್ ಚಿತ್ರಕ್ಕೆ ಮೊದಲ ಗೆರೆ ಹಿಡಿದರೆ ಕಿರಣವನ್ನು 30 ಡಿಗ್ರಿ ಬಾಗಿಸಬೇಕು, ಎರಡನೆಯದು ಹಿಡಿದರೆ 37 ಡಿಗ್ರಿ. ಯಾವ ಗೆರೆ ಎಂದು ಹೇಳದೆ ಬರೀ ಕೋನ ಹೇಳಿದರೆ ಚಿತ್ರ ಕೆಡುತ್ತದೆ.

ಈ ಸಮತಲಕ್ಕೆ ಮಿತಿಯೂ ಇದೆ. ದೂರದ ಒಂದು ಬಿಂದುವನ್ನು ನೋಡುತ್ತಾ ಸಹಜವಾಗಿ ನಿಂತ ವ್ಯಕ್ತಿಯಲ್ಲಿ ಫ್ರಾಂಕ್‌ಫರ್ಟ್ ಗೆರೆ ನೆಲಕ್ಕೆ ಹೆಚ್ಚುಕಡಿಮೆ ಸಮಾನಾಂತರ ಎಂಬುದು ಸರಾಸರಿಯ ಮಾತು. ಒಬ್ಬೊಬ್ಬರನ್ನೇ ತೆಗೆದುಕೊಂಡರೆ ಕೆಲವು ಡಿಗ್ರಿ ಆಚೀಚೆ ಇರುತ್ತದೆ. 1958ರಲ್ಲಿ ಮೂರೀಸ್ ಮತ್ತು ಕೀನ್ ಎಂಬ ಸಂಶೋಧಕರು ಇದನ್ನೇ ಮುಂದಿಟ್ಟು, ಎಲುಬಿನ ಗೆರೆಗಿಂತ ವ್ಯಕ್ತಿಯ ಸಹಜ ತಲೆಭಂಗಿಯನ್ನು ಆಧಾರವಾಗಿ ಹಿಡಿಯಬೇಕೆಂದು ವಾದಿಸಿದರು. ಒಬ್ಬರ ಮುಖದ ಶಸ್ತ್ರಚಿಕಿತ್ಸೆಗೆ ಯೋಜನೆ ಹಾಕುವಾಗ ಅವರ ಮಾತಿಗೆ ತೂಕವಿದೆ, ಏಕೆಂದರೆ ಆ ವ್ಯಕ್ತಿ ಜಗತ್ತಿಗೆ ತೋರುವ ಮುಖ ಅವರದೇ ಭಂಗಿಯ ಮುಖ. ಸಾವಿರಾರು ಜನರನ್ನು ಹೋಲಿಸುವಾಗ ಮಾತ್ರ ಹಳೆಯ ಒಪ್ಪಂದದ ಗೆರೆಯೇ ನಂಬಿಕಸ್ತ.

ಹಾಗೆ ಸಾವಿರಾರು ಜನರನ್ನು, ಅಷ್ಟೇಕೆ ಕೋಟಿಗಟ್ಟಲೆ ಮಕ್ಕಳನ್ನು ಹೋಲಿಸುವ ಕೆಲಸ ನಮ್ಮ ಅಂಗನವಾಡಿಗಳಲ್ಲಿ ನಡೆಯುತ್ತಿದೆ. ಈ ಅಂಕಣ ಬರೆಯಲು ನನ್ನನ್ನು ಎಳೆದದ್ದು ಅದೇ. ಎತ್ತರ ಅಳೆಯುವುದೆಂದರೆ ನೆತ್ತಿಯ ಅತ್ಯಂತ ಎತ್ತರದ ಬಿಂದುವಿನಿಂದ ನೆಲದವರೆಗಿನ ದೂರ. ಆ ಅತ್ಯಂತ ಎತ್ತರದ ಬಿಂದು ಯಾವುದು? ತಲೆ ಫ್ರಾಂಕ್‌ಫರ್ಟ್ ಸಮತಲದಲ್ಲಿದ್ದಾಗ ಯಾವುದು ಮೇಲೆ ಬರುತ್ತದೋ ಅದು. ಸಮತಲ ತಪ್ಪಿದರೆ ನೆತ್ತಿಯೇ ಬೇರೆ ಜಾಗಕ್ಕೆ ಹೋಗುತ್ತದೆ. ಮಗು ಕೈಯ ಬೊಂಬೆಯನ್ನು ನೋಡಲು ತಲೆ ಬಾಗಿಸಿದರೂ, ಅಳೆಯುವವರ ಮುಖ ನೋಡಲು ತಲೆ ಎತ್ತಿದರೂ ಅಂಕಿ ಬದಲಾಗುತ್ತದೆ.

ಎಷ್ಟು ಬದಲಾದರೆ ಏನಾದೀತು ಎಂದು ಕೇಳಬಹುದು. ವಿಶ್ವ ಆರೋಗ್ಯ ಸಂಸ್ಥೆಯ 2006ರ ಬೆಳವಣಿಗೆ ಮಾನದಂಡದಲ್ಲಿ ಎರಡು ವರ್ಷ ತುಂಬಿದ ಗಂಡುಮಗುವಿನ ಮಧ್ಯಮ ಎತ್ತರ 87.1 ಸೆಂಟಿಮೀಟರ್. 81.0ಕ್ಕಿಂತ ಕಡಿಮೆಯಿದ್ದರೆ 'ಕುಂಠಿತ ಬೆಳವಣಿಗೆ'. 81.3 ಇರುವ ಮಗುವನ್ನು ತಲೆ ಬಾಗಿದ ಸ್ಥಿತಿಯಲ್ಲಿ 80.8 ಎಂದು ಬರೆದರೆ ಚೆನ್ನಾಗಿ ಬೆಳೆಯುತ್ತಿರುವ ಮಗುವಿನ ಅಮ್ಮ ಕಣ್ಣೀರು ಹಾಕುತ್ತಾ ಮನೆಗೆ ಹೋಗುತ್ತಾಳೆ. 80.7 ಇರುವ ಮಗು 81.2 ಆಗಿಬಿಟ್ಟರೆ ಪೌಷ್ಟಿಕ ಆಹಾರದ, ವೈದ್ಯರ ಗಮನದ ಅಗತ್ಯವಿರುವ ಕೂಸು ಪಟ್ಟಿಯಿಂದ ಬಿಟ್ಟುಹೋಗುತ್ತದೆ. ಎರಡನೆಯದು ಹೆಚ್ಚು ಅಪಾಯಕಾರಿ, ಏಕೆಂದರೆ ಆ ತಪ್ಪನ್ನು ಯಾರೂ ಬಂದು ಪ್ರಶ್ನಿಸುವುದಿಲ್ಲ.

ರಾಜ್ಯದ ಲೆಕ್ಕದಲ್ಲಿ ಇನ್ನೊಂದು ಸೂಕ್ಷ್ಮವಿದೆ. ಐದನೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ (2019–21) ಪ್ರಕಾರ ಐದು ವರ್ಷದೊಳಗಿನ ಮಕ್ಕಳಲ್ಲಿ ಕುಂಠಿತ ಬೆಳವಣಿಗೆ ಕರ್ನಾಟಕದಲ್ಲಿ ಶೇ. 35.4, ಭಾರತದಲ್ಲಿ ಶೇ. 35.5. ಇಂಥ ಅಂಕಿಗಳ ಬಗ್ಗೆ ಮಾತಾಡುವಾಗ ಅಳತೆಯ ತಪ್ಪುಗಳು ಹೆಚ್ಚಿಗೂ ಕಡಿಮೆಗೂ ಸಮನಾಗಿ ಬೀಳುವುದರಿಂದ ಒಂದಕ್ಕೊಂದು ವಜಾ ಆಗುತ್ತವೆ ಎಂದು ಕೆಲವರು ಹೇಳುತ್ತಾರೆ. ಸರಾಸರಿಯ ವಿಷಯದಲ್ಲಿ ಅದು ನಿಜ. ಗಡಿಗೆರೆಯ ಆಚೆ ಎಷ್ಟು ಮಕ್ಕಳಿದ್ದಾರೆ ಎಂದು ಎಣಿಸುವಾಗ ನಿಜವಲ್ಲ. ಅಂಕಿಗಳು ಎರಡೂ ಕಡೆ ಚದುರಿದಷ್ಟೂ ತುದಿಗಳು ಹಿಗ್ಗುತ್ತವೆ. ಗೆರೆಯ ಒಳಗೆ ಇರುವ ಮಕ್ಕಳು ಹೆಚ್ಚು, ಹೊರಗಿರುವವರು ಕಡಿಮೆ. ಆದ್ದರಿಂದ ತಪ್ಪಾಗಿ ಹೊರಗೆ ಬೀಳುವವರ ಸಂಖ್ಯೆ ತಪ್ಪಾಗಿ ಒಳಗೆ ಬರುವವರಿಗಿಂತ ದೊಡ್ಡದಾಗುತ್ತದೆ. ನಮ್ಮ ಮಕ್ಕಳ ಹಸಿವು ಸುಳ್ಳೆಂದು ಇದರ ಅರ್ಥವಲ್ಲ. ಹಸಿವಿನ ಲೆಕ್ಕ ಯಾರೂ ಅಲ್ಲಗಳೆಯಲಾಗದಷ್ಟು ಗಟ್ಟಿಯಾಗಿರಬೇಕಾದರೆ ಗದ್ದದ ಮಟ್ಟದಿಂದಲೇ ಗಟ್ಟಿಯಾಗಿರಬೇಕು.

ಸರಿಯಾಗಿ ಅಳೆಯುವ ಕ್ರಮ ಕಷ್ಟದ್ದೇನಲ್ಲ, ಆದರೆ ಒಬ್ಬರ ಕೈಯಲ್ಲಿ ಆಗುವಂಥದ್ದೂ ಅಲ್ಲ. ಎರಡು ವರ್ಷ ತುಂಬದ ಮಗುವನ್ನು ಹಲಗೆಯ ಮೇಲೆ ಮಲಗಿಸಿ ಉದ್ದ ಅಳೆಯಬೇಕು. ಆಗ ಕಣ್ಣು–ಕಿವಿಯ ಗೆರೆ ಹಲಗೆಗೆ ಲಂಬವಾಗಿರಬೇಕು, ಅಂದರೆ ಮಗುವಿನ ದೃಷ್ಟಿ ನೇರವಾಗಿ ಸೂರಿನ ಕಡೆಗಿರಬೇಕು. ಒಬ್ಬರು ತಲೆಯನ್ನು ಎರಡೂ ಕೈಯಿಂದ ಹಿಡಿದುಕೊಂಡರೆ ಇನ್ನೊಬ್ಬರು ಮೊಣಕಾಲು ಒತ್ತಿ ಪಾದದ ಹಲಗೆಯನ್ನು ಸರಿಸುತ್ತಾರೆ. ಎರಡು ದಾಟಿದ ಮಗು ನಿಲ್ಲಬೇಕು. ಹಿಂದಲೆ, ಹೆಗಲ ಮೂಳೆ, ಪೃಷ್ಠ, ಮೀನಖಂಡ, ಹಿಮ್ಮಡಿ ಹಲಗೆಗೆ ತಾಗಿರಬೇಕು. ಸಹಾಯಕಿ ಮೊಣಕಾಲು, ಕಣಕಾಲು ಹಿಡಿದಿರಬೇಕು. ಅಳೆಯುವವರು ಹೆಬ್ಬೆರಳು–ತೋರುಬೆರಳುಗಳ ನಡುವೆ ಗದ್ದವನ್ನು ಹಿಡಿದು ಗೆರೆಯನ್ನು ಮಟ್ಟಕ್ಕೆ ತಂದು, ಇನ್ನೊಂದು ಕೈಯಿಂದ ತಲೆಹಲಗೆಯನ್ನು ಇಳಿಸಬೇಕು. ನಿಂತ ಎತ್ತರ ಮಲಗಿದ ಉದ್ದಕ್ಕಿಂತ ಸುಮಾರು 0.7 ಸೆಂಟಿಮೀಟರ್ ಕಡಿಮೆ ಬರುವುದರಿಂದ ಎರಡು ತುಂಬದ ಮಗುವನ್ನು ನಿಲ್ಲಿಸಿ ಅಳೆದಿದ್ದರೆ ಅಷ್ಟನ್ನು ಕೂಡಬೇಕು, ಎರಡು ದಾಟಿದ ಮಗುವನ್ನು ಮಲಗಿಸಿ ಅಳೆದಿದ್ದರೆ ಕಳೆಯಬೇಕು. ವಿಶ್ವ ಆರೋಗ್ಯ ಸಂಸ್ಥೆಯ ಮಾನದಂಡ ರೂಪಿಸಿದ ಅಧ್ಯಯನದಲ್ಲಿ ಇಬ್ಬರು ಬೇರೆಬೇರೆಯಾಗಿ ಒಂದೇ ಮಗುವನ್ನು ಅಳೆದು, ವ್ಯತ್ಯಾಸ 7 ಮಿಲಿಮೀಟರ್ ಮೀರಿದರೆ ಇಬ್ಬರೂ ಮತ್ತೆ ಅಳೆಯುತ್ತಿದ್ದರು. ಭಾರತದ ಮಕ್ಕಳೂ ಆ ಅಧ್ಯಯನದಲ್ಲಿದ್ದರು, ದಕ್ಷಿಣ ದೆಹಲಿಯಿಂದ.

ಅಂಗನವಾಡಿ ಕಾರ್ಯಕರ್ತೆ ಒಬ್ಬಳೇ ಆಗಿ, ಅತ್ತ ಅಡುಗೆ, ಇತ್ತ ಮೊಬೈಲಿನಲ್ಲಿ ಪೋಷಣ್ ಟ್ರ್ಯಾಕರ್ ತುಂಬಿಸುವ ಗಡಿಬಿಡಿಯ ನಡುವೆ ಇದನ್ನೆಲ್ಲ ಮಾಡಬೇಕೆಂದು ನಿರೀಕ್ಷಿಸುವುದು ಅನ್ಯಾಯ. ಸಹಾಯಕಿಯ ಹುದ್ದೆ ಖಾಲಿ ಬಿದ್ದಿರುವ ಕೇಂದ್ರದಲ್ಲಿ ಎತ್ತರದ ಅಂಕಿಯನ್ನು ನಂಬುವುದು ಕಷ್ಟ. ಅಳತೆಯ ದಿನ ಎರಡನೆಯ ಜೋಡಿ ಕೈಗಳನ್ನು ಒದಗಿಸುವುದು ಇಲಾಖೆಯ ಹೊಣೆ. ಅಲ್ಲಿಯವರೆಗೆ ತಾಯಂದಿರು ಒಂದಿಷ್ಟು ಮಾಡಬಹುದು. ಅಳತೆಗೆ ಕರೆದೊಯ್ಯುವ ದಿನ ಮಗಳಿಗೆ ನೆತ್ತಿಯ ಮೇಲೆ ಜುಟ್ಟು ಕಟ್ಟಬೇಡಿ, ಕ್ಲಿಪ್ ಹಾಕಬೇಡಿ. ಮಗು ನಿಂತಾಗ ಅದರ ಎದುರಿಗೆ, ಅದರ ಕಣ್ಣಿನ ಎತ್ತರಕ್ಕೆ ಸರಿಯಾಗಿ ಕುಕ್ಕರುಗಾಲಲ್ಲಿ ಕೂತು ಹೆಸರು ಹಿಡಿದು ಮಾತಾಡಿಸಿ, ಅದು ನೇರವಾಗಿ ನೋಡುತ್ತದೆ. ತಲೆ ವಾಲಿತ್ತೆಂದು ಅನಿಸಿದರೆ ಅಂಕಿ ಬರೆಯುವ ಮುನ್ನ 'ಟೀಚರ್, ಇನ್ನೊಂದ್ಸಲ ಅಳೀರಿ' ಎಂದು ಹೇಳಿ.